ಟೋಲ್ಕಿನ್ ನಂಬದ ಮೆತ್ತನೆ ಪಾದ

ಕಾಗದದಹುಳು:
ಮಗಳಿಗೆ ಒಂಬತ್ತು ವರ್ಷ. ಮಲಗೋ ಮುಂಚೆ ಅರ್ಧ ಗಂಟೆ ಓದಿ ಹೇಳೋದು ನಮ್ಮನೆ ರೂಢಿ. ಬೇಸಿಗೆ ರಜೆಯಲ್ಲಿ ಟೋಲ್ಕಿನ್ ಬರೆದ ‘ದಿ ಹಾಬಿಟ್’ ಮುಗಿಸಿದ್ವಿ. ಈಗ ಜಾರ್ಜ್ ಮ್ಯಾಕ್‌ಡೊನಾಲ್ಡ್ ಬರೆದ ‘ದಿ ಪ್ರಿನ್ಸೆಸ್ ಅಂಡ್ ದಿ ಗಾಬ್ಲಿನ್’ ಹಿಡಿದಿದ್ದೀವಿ. 1872ರ ಪುಸ್ತಕ, ಅಂದ್ರೆ ಹಾಬಿಟ್‌ಗಿಂತ 65 ವರ್ಷ ಹಿಂದಿನದು. ಒಂದು ಪ್ಯಾರಾ ಇಂಗ್ಲಿಷಲ್ಲಿ ಓದ್ತೀನಿ, ಆಮೇಲೆ ಅದನ್ನೇ ಕನ್ನಡದಲ್ಲಿ ಹೇಳ್ತೀನಿ. ಅವಳಿಗೆ ಎರಡನೇದೇ ಇಷ್ಟ.

ಕಥೆಯಲ್ಲಿ ಬೆಟ್ಟದ ಹೊಟ್ಟೆಯೊಳಗೆ ಗಾಬ್ಲಿನ್‌ಗಳ ಊರು. ಅವುಗಳ ತಲೆ ಬಂಡೆಯಷ್ಟು ಗಟ್ಟಿ, ಪಾದ ಮಾತ್ರ ಮೆತ್ತಗೆ. ಗಣಿಯಲ್ಲಿ ಕೆಲಸ ಮಾಡೋ ಕರ್ಡಿ ಅನ್ನೋ ಹುಡುಗನಿಗೆ ಈ ಗುಟ್ಟು ಗೊತ್ತು. ಗಾಬ್ಲಿನ್ ಎದುರಾದ್ರೆ ತಲೆಗೆ ಹೊಡೆಯಲ್ಲ, ಬಾಯಿಗೆ ಬಂದ ಪದ್ಯ ಹಾಡ್ತಾ ಕಾಲು ತುಳೀತಾನೆ. ಪದ್ಯ ಕೇಳಿದ್ರೂ ಅವಕ್ಕೆ ತಡೆಯೋಕಾಗಲ್ಲ. ಅವುಗಳ ರಾಣಿ ಮಾತ್ರ ಜಾಣೆ, ಕಲ್ಲಿನ ಬೂಟು ಹಾಕ್ಕೊಂಡಿರ್ತಾಳೆ.

ಮೊನ್ನೆ ರಾತ್ರಿ ಮಗಳು ಕೇಳಿದ್ಲು: “ಅಪ್ಪಾ, ಇವು ಹಾಬಿಟ್‌ನಲ್ಲಿದ್ದ ಗಾಬ್ಲಿನ್‌ಗಳೇ ಅಲ್ವಾ? ಮತ್ತೆ ಬಿಲ್ಬೋ ಯಾಕೆ ಇವುಗಳ ಕಾಲು ತುಳೀಲಿಲ್ಲ?”

ಉತ್ತರ ಹುಡುಕೋಕೆ ಹೋದಾಗ ಟೋಲ್ಕಿನ್ 1954ರಲ್ಲಿ ಕಾದಂಬರಿಗಾರ್ತಿ ನವೋಮಿ ಮಿಚಿಸನ್‌ಗೆ ಬರೆದ ಕಾಗದ ಸಿಕ್ತು. ತನ್ನ ಗಾಬ್ಲಿನ್‌ಗಳಿಗೆ ಮ್ಯಾಕ್‌ಡೊನಾಲ್ಡ್‌ನ ಋಣ ಸಾಕಷ್ಟಿದೆ ಅಂತ ಅದರಲ್ಲಿ ಒಪ್ಕೊಳ್ತಾನೆ. ಒಪ್ಕೊಂಡ ಉಸಿರಲ್ಲೇ, ಆ ಮೆತ್ತನೆ ಪಾದವನ್ನು ಮಾತ್ರ ನಾನು ಯಾವತ್ತೂ ನಂಬಲಿಲ್ಲ ಅಂತಾನೆ. ಅಷ್ಟು ವರ್ಷ ಕಳೆದ ಮೇಲೂ ಆ ಪಾದದ ತಕರಾರು ಮನಸ್ಸಿಂದ ಹೋಗಿಲ್ಲ ನೋಡಿ!

ಯಾರು ಯಾರಿಂದ ಏನು ತಗೊಂಡರು ಅನ್ನೋ ಪಟ್ಟಿ ಎಲ್ಲ ಕಡೆ ಸಿಗುತ್ತೆ. ವಿಕ್ಟೋರಿಯಾ ರಾಣಿ ಕಾಲದ ಮಕ್ಕಳ ಪುಸ್ತಕಗಳಿಂದ ಮುಂದಿನವರು ಏನನ್ನ ಬೇಡ ಅಂದರು ಅನ್ನೋದರ ಬಗ್ಗೆ ಇಲ್ಲಿ ಮಾತಾಡೋಣ ಅಂತ ಈ ಎಳೆ ಶುರು ಮಾಡಿದೀನಿ.

ಸಂಜೆಬಸ್ಸು:
ವಿಕ್ಟೋರಿಯಾ ಕಾಲದ ಮಕ್ಕಳ ಪುಸ್ತಕ ಅಂದ್ರೆ ನಂಗೆ ‘ಆಲಿಸ್’ ಒಂದೇ ಗೊತ್ತಿದ್ದಿದ್ದು. ಈ ಮ್ಯಾಕ್‌ಡೊನಾಲ್ಡ್ ಯಾರು ಸ್ವಾಮಿ? ಹುಡುಕಿದ್ರೆ ಬರೀ ಬರ್ಗರ್ ಬರ್ತಿದೆ.

ಕಾಗದದಹುಳು:
ಹ್ಹ ಹ್ಹ. ಇವನು 1824ರಲ್ಲಿ ಸ್ಕಾಟ್ಲೆಂಡಿನ ಹಂಟ್ಲಿಯಲ್ಲಿ ಹುಟ್ಟಿದವನು. ಆರಂಡೆಲ್ ಅನ್ನೋ ಊರಲ್ಲಿ ಪಾದ್ರಿಯಾಗಿದ್ದ. ಇವನ ಪ್ರವಚನ ಸಭೆಯ ಹಿರಿಯರಿಗೆ ಹಿಡಿಸದೆ ಸಂಬಳ ಕಡಿಮೆ ಮಾಡಿದ್ರು, 1853ರಲ್ಲಿ ಅವನೇ ಬಿಟ್ಟು ಬಂದ. ಹನ್ನೊಂದು ಮಕ್ಕಳು, ಮನೆಯಲ್ಲಿ ಕ್ಷಯರೋಗದ ಕಾಟ, ಹೊಟ್ಟೆಪಾಡಿಗೆ ಬರವಣಿಗೆ ಮತ್ತು ಉಪನ್ಯಾಸ.

ನಿಮ್ಮ ಆಲಿಸ್‌ಗೂ ಇವನಿಗೂ ನಂಟಿದೆ. ಲೂಯಿಸ್ ಕ್ಯಾರಲ್ ಈ ಮನೆಯವರ ಸ್ನೇಹಿತ. ಆಲಿಸ್ ಕಥೆ ಇನ್ನೂ ಹಸ್ತಪ್ರತಿಯಲ್ಲಿದ್ದಾಗ, ಅಚ್ಚು ಹಾಕಿಸಬಹುದಾ ಅನ್ನೋ ಅನುಮಾನದಲ್ಲಿ, ಇವರ ಮನೆಗೆ ಓದೋಕೆ ಕೊಟ್ಟ. ಶ್ರೀಮತಿ ಮ್ಯಾಕ್‌ಡೊನಾಲ್ಡ್ ಮಕ್ಕಳನ್ನ ಕೂರಿಸಿಕೊಂಡು ಓದಿದಳು. ಪುಟ್ಟ ಮಗ ಗ್ರೆವಿಲ್, ಇಂಥದ್ದು ಅರವತ್ತು ಸಾವಿರ ಪುಸ್ತಕ ಇರಬೇಕಿತ್ತು ಅಂದನಂತೆ. 1865ರಲ್ಲಿ ಆಲಿಸ್ ಹೊರಬಂತು.

ತಪ್ಪುಹುಡುಕಿ:
ಚಿಕ್ಕ ತಿದ್ದುಪಡಿ. ‘ಪ್ರಿನ್ಸೆಸ್ ಅಂಡ್ ದಿ ಗಾಬ್ಲಿನ್’ ಪುಸ್ತಕವಾಗಿದ್ದು 1872ರಲ್ಲಿ ನಿಜ, ಆದರೆ ಅದಕ್ಕೂ ಮೊದಲೇ ‘ಗುಡ್ ವರ್ಡ್ಸ್ ಫಾರ್ ದಿ ಯಂಗ್’ ಪತ್ರಿಕೆಯಲ್ಲಿ ಧಾರಾವಾಹಿಯಾಗಿ ಬಂದಿತ್ತು. ಆಗ ಆ ಪತ್ರಿಕೆಯ ಸಂಪಾದಕನೂ ಮ್ಯಾಕ್‌ಡೊನಾಲ್ಡೇ.

ಸರ್ರೆಕನ್ನಡಿಗ:
ಈ ಎಳೆ ನೋಡಿ ಖುಷಿಯಾಯ್ತು, ಯಾಕಂದ್ರೆ ನಾನು ದಿನಾ ಓಡಾಡೋ ರೈಲ್ವೆ ಲೈನಿನ ಕಥೆ ಇದು.

1916ರಲ್ಲಿ, ಮುಂದೆ ನಾರ್ನಿಯಾ ಅನ್ನೋ ಮಕ್ಕಳ ಕಥೆಗಳನ್ನ ಬರೆದ ಸಿ. ಎಸ್. ಲೂಯಿಸ್‌ಗೆ ಹದಿನೇಳು ವರ್ಷ. ಬೆಲ್‌ಫಾಸ್ಟ್ ಹುಡುಗ, ಇಲ್ಲಿ ಇಂಗ್ಲೆಂಡಿನ ಸರ್ರೆಯ ಗ್ರೇಟ್ ಬುಕಮ್‌ನಲ್ಲಿ ಒಬ್ಬ ಮೇಷ್ಟ್ರ ಮನೆಯಲ್ಲಿದ್ದು ಓದ್ತಿದ್ದ. ಪಕ್ಕದ ಲೆದರ್‌ಹೆಡ್ ಸ್ಟೇಷನ್ನಿನ ಪುಸ್ತಕದಂಗಡಿಯಲ್ಲಿ ಮ್ಯಾಕ್‌ಡೊನಾಲ್ಡ್‌ನ ‘ಫ್ಯಾಂಟಾಸ್ಟೀಸ್’ (1858) ಹಳೇ ಪ್ರತಿ ಒಂದಿತ್ತು. ಅದನ್ನ ಹತ್ತು ಹನ್ನೆರಡು ಸಲ ನೋಡಿ, ಬೇಡ ಅಂತ ಬಿಟ್ಟು ಹೋಗಿದ್ದನಂತೆ. ಒಂದು ದಿನ ಅರೆಮನಸ್ಸಿನಲ್ಲೇ ಕೊಂಡ. ಆ ಪುಸ್ತಕ ತನ್ನ ಕಲ್ಪನೆಗೆ ದೀಕ್ಷೆ ಕೊಟ್ಟಿತು ಅಂತ ಮುಂದೆ ಬರ್ಕೊಂಡ. ಅವನನ್ನ ಗುರು ಅಂತಲೇ ಕರೆದ, 1946ರಲ್ಲಿ ಅವನ ಬರಹಗಳಿಂದ ಆಯ್ದು ಒಂದು ಸಂಕಲನ ತಂದ, ‘ದಿ ಗ್ರೇಟ್ ಡೈವೋರ್ಸ್’ನಲ್ಲಿ ಪರಲೋಕಕ್ಕೆ ದಾರಿ ತೋರಿಸೋ ಪಾತ್ರವನ್ನೇ ಮಾಡಿಕೊಂಡ. ನಾರ್ನಿಯಾದ ಏಳು ಪುಸ್ತಕ (1950ರಿಂದ 1956) ಹುಟ್ಟಿದ್ದು ಈ ಬೇರಿನಿಂದ.

ಈಗ ಕೇಳಿ. ಮ್ಯಾಕ್‌ಡೊನಾಲ್ಡ್ ತೀರಿಕೊಂಡಿದ್ದು 1905ರಲ್ಲಿ, ಆಶ್‌ಟೆಡ್‌ನಲ್ಲಿ. ಲಂಡನ್ ಕಡೆಯಿಂದ ಬಂದ್ರೆ ಎಪ್ಸಮ್ ಆದಮೇಲೆ ಆಶ್‌ಟೆಡ್, ಅದರ ಮುಂದಿನ ಸ್ಟೇಷನ್ನೇ ಲೆದರ್‌ಹೆಡ್. ಗುರು ಸತ್ತ ಹನ್ನೊಂದು ವರ್ಷಕ್ಕೆ, ಅವನ ಊರಿಂದ ಒಂದೇ ಸ್ಟೇಷನ್ ಆಚೆ ಶಿಷ್ಯ ಸಿಕ್ಕ. ಎರಡೂ ಸ್ಟೇಷನ್ ಈಗಲೂ ಇವೆ. ರೈಲು ಅಲ್ಲಿ ನಿಂತಾಗೆಲ್ಲ ಮೊಬೈಲ್ ಕೆಳಗಿಟ್ಟು ಒಂದು ನಿಮಿಷ ಕಿಟಕಿಯಾಚೆ ನೋಡ್ತೀನಿ. ನೋಡೋಕೆ ಏನೂ ಇಲ್ಲ, ಬರೀ ಪ್ಲಾಟ್‌ಫಾರಂ.

ತಪ್ಪುಹುಡುಕಿ:
ಚೆನ್ನಾಗಿ ಬರೆದಿದ್ದೀರಿ ಸರ್. ಆದರೆ ‘ಫ್ಯಾಂಟಾಸ್ಟೀಸ್’ ಮಕ್ಕಳ ಪುಸ್ತಕ ಅಲ್ಲ. ಗಂಡಸರು, ಹೆಂಗಸರಿಗಾಗಿ ಅಂತ ಉಪಶೀರ್ಷಿಕೆಯಲ್ಲೇ ಇದೆ.

ಸರ್ರೆಕನ್ನಡಿಗ:
ಒಪ್ಪಿದೆ. ಆದ್ರೆ ಆ ಗೆರೆಯನ್ನ ಅವನೇ ಎಳೆಯೋಕೆ ಬಿಡ್ತಿರಲಿಲ್ಲ. ನಾನು ಬರೆಯೋದು ಮಕ್ಕಳಿಗಲ್ಲ, ಮಗುವಿನಂಥ ಮನಸ್ಸಿನವರಿಗೆ. ಅವರಿಗೆ ಐದು ವರ್ಷವೋ ಐವತ್ತೋ ಎಪ್ಪತ್ತೈದೋ, ಅದು ಲೆಕ್ಕಕ್ಕಿಲ್ಲ ಅಂತ ಒಂದು ಪ್ರಬಂಧದಲ್ಲಿ ಹೇಳಿದ್ದಾನೆ.

ಧಾರವಾಡಪೇಡಾ:
ನಾ ಒಂದ್ ಮಾತ್ ಹೇಳ್ಲೇನ್ರಿ? ನನಗ ಮ್ಯಾಕ್‌ಡೊನಾಲ್ಡ್ ಓದಾಕ ಭಾಳ ಕಷ್ಟ ಆತು. ನಡನಡುವ ಪಾದ್ರಿ ಎದ್ದು ನಿಂದರ್ತಾನ. ಕಥಿ ಓಡಾಕತ್ತಿರ್ತದ, ತಟ್ಟನ ಉಪದೇಶ. ಆ ಕಾಲದವರ ಹಣೇಬರಾನ ಅದು. ಕಿಂಗ್ಸ್‌ಲಿಯ ‘ದಿ ವಾಟರ್ ಬೇಬೀಸ್’ (1863) ತಗೋರಿ. ಹೊಗಿಗೂಡಿನ್ಯಾಗ ಇಳಿದು ಮಸಿ ಗುಡಿಸೋ ಟಾಮ್ ಅನ್ನೋ ಪೋರ ನದಿಗಿ ಬಿದ್ದು ನೀರಿನ ಕೂಸು ಆಗ್ತಾನ. ಶುರುವಾತ್ ಎಷ್ಟ್ ಚಂದ! ಆಮ್ಯಾಲ ಪುಟಗಟ್ಟಲೆ ಬೋಧನಾ, ಐರಿಷ್ ಮಂದಿ ಮ್ಯಾಲ ಹಗುರ ಮಾತು ಬ್ಯಾರೆ. ಇಂಥಾ ಪುಸ್ತಕದಿಂದ ಮುಂದಿನವರು ಏನ್ ಕಲತಿದ್ದಾರು?

ಕಾಗದದಹುಳು:
ಪೇಡಾ ಅವರೇ, ನಿಮ್ಮ ತಕರಾರನ್ನ ನಿಮಗಿಂತ ಜೋರಾಗಿ ಮಾಡಿದವನು ಟೋಲ್ಕಿನ್ನೇ. ಅದರ ಕಥೆ ದೊಡ್ಡದು, ಸ್ವಲ್ಪ ತಾಳ್ಮೆ ಇರಲಿ.

1939ರ ಮಾರ್ಚ್‌ನಲ್ಲಿ ಸೇಂಟ್ ಆಂಡ್ರೂಸ್‌ನಲ್ಲಿ ಅವನು ಕಿನ್ನರಕಥೆಗಳ ಬಗ್ಗೆ ಉಪನ್ಯಾಸ ಕೊಟ್ಟ. ಆಂಡ್ರೂ ಲ್ಯಾಂಗ್ ಹೆಸರಿನ ಉಪನ್ಯಾಸ ಅದು. ಲ್ಯಾಂಗ್ ಅಂದ್ರೆ 1889ರಿಂದ ಬಣ್ಣಬಣ್ಣದ ಹೆಸರಿನ ಕಿನ್ನರಕಥಾ ಸಂಪುಟಗಳನ್ನ ತಂದವನು. ಕೆಂಪು ಸಂಪುಟದಲ್ಲಿದ್ದ ಸಿಗರ್ಡ್ ಮತ್ತು ಡ್ರ್ಯಾಗನ್ ಕಥೆಗೆ ಟೋಲ್ಕಿನ್ ಹುಡುಗನಾಗಿದ್ದಾಗಲೇ ಮರುಳಾಗಿದ್ದ. ಆ ಉಪನ್ಯಾಸದಿಂದ ಬೆಳೆದ ಪ್ರಬಂಧದಲ್ಲಿ ಆಲಿಸ್ ಕನಸಿನ ಚೌಕಟ್ಟಿನ ಕಥೆ, ಅದು ಕಿನ್ನರಕಥೆ ಅಲ್ಲ ಅಂತ ಪಕ್ಕಕ್ಕಿಡ್ತಾನೆ. ಆದರೆ ಮ್ಯಾಕ್‌ಡೊನಾಲ್ಡ್‌ನ ‘ದಿ ಗೋಲ್ಡನ್ ಕೀ’ (1867) ಕಥೆಯನ್ನ ಹೆಸರು ಹೇಳಿ ಹೊಗಳ್ತಾನೆ.

ಸುಮಾರು ಇಪ್ಪತ್ತೈದು ವರ್ಷ ಕಳೀತು. ಅದೇ ‘ಗೋಲ್ಡನ್ ಕೀ’ಗೆ ಮುನ್ನುಡಿ ಬರೆದುಕೊಡಿ ಅಂತ ಅಮೆರಿಕದ ಪ್ರಕಾಶಕರು ಕೇಳಿದ್ರು. ಹೂಂ ಅಂದ. ಬರೆಯೋಕೆ ಅಂತ ಪುಸ್ತಕ ತೆಗೆದು ಮತ್ತೆ ಓದಿದ್ರೆ ಎಲ್ಲಿ ನೋಡಿದ್ರೂ ಹುಳುಕು. ನೆನಪಲ್ಲಿದ್ದ ಕಥೆಯೇ ಬೇರೆ, ಕೈಯಲ್ಲಿದ್ದ ಕಥೆಯೇ ಬೇರೆ. ಆದರೂ ಮುನ್ನುಡಿ ಶುರು ಮಾಡಿದ. ‘ಫೇರಿ’ ಅನ್ನೋ ಪದಕ್ಕೆ ಏನರ್ಥ ಅಂತ ವಿವರಿಸೋಕೆ ಒಂದು ಉದಾಹರಣೆ ಕೊಡೋಣ ಅಂದ್ಕೊಂಡ: ಮಕ್ಕಳ ಹಬ್ಬಕ್ಕೆ ಕೇಕ್ ಮಾಡೋ ಒಬ್ಬ ಅಡುಗೆಯವನು, ಫೇರಿ ಕೇಕ್ ಅಂದ್ರೆ ಹಲ್ಲು ಜುಂ ಅನ್ನೋವಷ್ಟು ಸಿಹಿ ಇದ್ರೆ ಸಾಕು ಅಂದ್ಕೊಂಡಿರೋ ಪೆದ್ದ. ಆ ಉದಾಹರಣೆ ಬೆಳೆದೂ ಬೆಳೆದೂ ಮುನ್ನುಡಿಯನ್ನೇ ನುಂಗಿ ಹಾಕ್ತು. ಅದೇ ‘ಸ್ಮಿತ್ ಆಫ್ ವೂಟನ್ ಮೇಜರ್’, 1967ರಲ್ಲಿ ಬಂತು.

ಮುನ್ನುಡಿ ಬರಲೇ ಇಲ್ಲ. ‘ಗೋಲ್ಡನ್ ಕೀ’ ಅದೇ ವರ್ಷ ಮಾರಿಸ್ ಸೆಂಡಾಕ್ ಚಿತ್ರ, ಕವಿ ಆಡೆನ್‌ನ ಹಿನ್ನುಡಿ ಜೊತೆ ಹೊರಬಂತು.

ಅಂದ್ರೆ ಮ್ಯಾಕ್‌ಡೊನಾಲ್ಡ್ ಮೇಲಿನ ಸಿಟ್ಟೇ ಟೋಲ್ಕಿನ್ ಬದುಕಿದ್ದಾಗ ಪ್ರಕಟವಾದ ಕೊನೆಯ ಕಥೆಗೆ ಹೆಪ್ಪು ಹಾಕಿದ್ದು. ಪೂರಾ ಮೆಚ್ಚಿಕೊಂಡಿದ್ದಿದ್ರೆ ನಮಗೆ ಎರಡು ಪುಟದ ಒಳ್ಳೆ ಮುನ್ನುಡಿ ಸಿಗ್ತಿತ್ತು, ಅಷ್ಟೇ.

ಸಂಜೆಬಸ್ಸು:
ಹಲ್ಲು ಜುಂ ಅನ್ನೋ ಕೇಕ್ 😀 ನಮ್ಮ ಏರಿಯಾ ಬೇಕರಿಯವರಿಗೆ ಈ ಕಥೆ ಓದಿಸಬೇಕು.

ಧಾರವಾಡಪೇಡಾ:
ಇದು ಗೊತ್ತಿರ್ಲಿಲ್ರಿ. ಛಲೋ ಆತು.
ಆದ್ರ ಲೂಯಿಸ್ ಹಂಗಿಲ್ಲಲ್ರಿ, ಅಂವಾ ಬರೇ ಭಕ್ತ.

ಸರ್ರೆಕನ್ನಡಿಗ:
ಭಕ್ತನೇ, ಆದರೆ ಕಣ್ಣು ತೆರೆದಿದ್ದ ಭಕ್ತ. ಆ 1946ರ ಸಂಕಲನದ ಮುನ್ನುಡಿಯಲ್ಲಿ ಹೇಳಿರೋದು ನೋಡಿ: ಸಾಹಿತ್ಯ ಅಂದ್ರೆ ಮಾತಿನ ಕಲೆ ಅನ್ನೋದಾದ್ರೆ ಮ್ಯಾಕ್‌ಡೊನಾಲ್ಡ್‌ಗೆ ಮೊದಲ ಸಾಲಲ್ಲಿ ಜಾಗ ಇಲ್ಲ, ಬಹುಶಃ ಎರಡನೇ ಸಾಲಲ್ಲೂ ಇಲ್ಲ. ಗುರು ಅಂತ ಕರೆದ ಬಾಯಲ್ಲೇ ಈ ಮಾತು. ಅವನ ಶಕ್ತಿ ಇರೋದು ಪುರಾಣ ಕಟ್ಟೋದರಲ್ಲಿ, ಆ ಥರದ ಕಥೆಗೆ ಇಂಥದೇ ಮಾತು ಬೇಕು ಅಂತಿಲ್ಲ, ಯಾರು ಯಾವ ಮಾತಲ್ಲಿ ಹೇಳಿದ್ರೂ ಅದು ಉಳಿಯುತ್ತೆ ಅನ್ನೋದು ಲೂಯಿಸ್‌ನ ವಾದ.

ಹುಳು ಸರ್, ನಿಮ್ಮ ಮಗಳಿಗೆ ಇಂಗ್ಲಿಷ್‌ಗಿಂತ ನೀವು ಕನ್ನಡದಲ್ಲಿ ಹೇಳಿದ್ದೇ ಇಷ್ಟ ಅಂದ್ರಲ್ಲ, ನಂಗೆ ಈ ಮಾತು ನೆನಪಾಗಿದ್ದು ಅಲ್ಲೇ.

ಕಾಗದದಹುಳು:
ನಾನು ಚೆನ್ನಾಗಿ ಹೇಳ್ತೀನಿ ಅಂದ್ಕೊಂಡಿದ್ದೆ. ಕಥೆಯದ್ದೇ ಗುಣ ಅಂತೀರಿ. ಆಗಲಿ 🙂

ಆದರೆ ಇದರಿಂದ ಒಂದು ವಿಷಯ ಹೊಳೀತು. ಆಲಿಸ್ ಇದಕ್ಕೆ ಪೂರ್ತಿ ಉಲ್ಟಾ, ಅವಳ ಜೀವ ಇರೋದೇ ಮಾತಿನಲ್ಲಿ. ಅದಕ್ಕೇ ಅವಳನ್ನ ಬೇರೆ ಭಾಷೆಗೆ ತಂದವರು ಹೆಸರಿನಿಂದಲೇ ಬದಲಾಯಿಸಿಬಿಟ್ಟರು. 1923ರಲ್ಲಿ ನಬೊಕೊವ್ ರಷ್ಯನ್‌ಗೆ ತಂದಾಗ ಆಲಿಸ್ ‘ಆನ್ಯಾ’ ಆದಳು. ನಮ್ಮ ನಾ. ಕಸ್ತೂರಿಯವರ ಕೈಯಲ್ಲಿ ‘ಪಾತಾಳದಲ್ಲಿ ಪಾಪಚ್ಚಿ’. ಪಾಪಚ್ಚಿ ಅನ್ನೋ ಹೆಸರಲ್ಲೇ ಅರ್ಧ ಅನುವಾದ ಮುಗಿದಿದೆ.

ಕ್ಯಾರಲ್‌ನಿಂದ ಕಲಿತವರು ಮಾತಿನ ಆಟ ಕಲಿತರು, ಕಾದಂಬರಿಕಾರ ಜೇಮ್ಸ್ ಜಾಯ್ಸ್‌ನಂಥವನವರೆಗೂ. ಮ್ಯಾಕ್‌ಡೊನಾಲ್ಡ್‌ನಿಂದ ಬಂದಿದ್ದು ಮಾತಲ್ಲ, ವಸ್ತುಗಳು. ಕಾಣದ ದಾರ, ಅಟ್ಟದಲ್ಲಿ ನೂಲೋ ಅಜ್ಜಿ, ಬೆಟ್ಟದೊಳಗಿನ ಊರು, ಬೇರೆ ಲೋಕಕ್ಕೆ ಬಾಗಿಲಾಗೋ ಕನ್ನಡಿ (‘ಲಿಲಿತ್’, 1895).

ಕರಾವಳಿಟೀಚರ್:
ಮಾತಿನದ್ದು ಏನೂ ಇಲ್ಲ ಅಂತ ಹೇಳ್ಬೇಡಿ ಮಾರಾಯ್ರೆ. ‘ದಿ ಲೈಟ್ ಪ್ರಿನ್ಸೆಸ್’ (1864) ಉಂಟಲ್ಲ? ನಾನು ಅದನ್ನು ಏಳನೇ ಕ್ಲಾಸಿನ ಮಕ್ಕಳಿಗೆ ಹೇಳಿದ್ದೇನೆ.

ನಾಮಕರಣಕ್ಕೆ ಕರೆಯಲಿಲ್ಲ ಅಂತ ಅತ್ತೆಯೊಬ್ಬಳು ಸಿಟ್ಟಲ್ಲಿ ಶಾಪ ಹಾಕ್ತಾಳೆ, ರಾಜಕುಮಾರಿಗೆ ಭಾರವೇ ಇಲ್ಲದ ಹಾಗೆ ಆಗ್ತದೆ. ಗಾಳಿ ಬೀಸಿದ್ರೆ ಹಾರಿ ಹೋಗುವಷ್ಟು. ಮೈಗೆ ಮಾತ್ರ ಅಲ್ಲ, ಮನಸ್ಸಿಗೂ ಭಾರ ಇಲ್ಲ. ಯಾರು ಸತ್ತರೂ ನಗು. ಇಂಗ್ಲಿಷಿನಲ್ಲಿ ಇದೆಲ್ಲ ಒಂದೇ ಪದದ ಎರಡು ಅರ್ಥದ ಮೇಲೆ ನಿಂತದ್ದು. ಹೇಗಪ್ಪಾ ಹೇಳುವುದು ಅಂತ ಹೆದರಿದ್ದೆ. ಬೋರ್ಡಿನ ಮೇಲೆ ‘ಹಗುರ’ ಅಂತ ಬರೆದೆ ನೋಡಿ, ಎಲ್ಲ ಸಲೀಸು! ಹತ್ತಿಯೂ ಹಗುರ, ಹಗುರವಾಗಿ ಮಾತಾಡುವುದೂ ಹಗುರ. ಹಿರಿಯರ ಮಾತಿಗೆ ತೂಕ, ಅಕ್ಕಿ ಮೂಟೆಗೂ ತೂಕ. ಒಬ್ಬ ಹುಡುಗ ಎದ್ದು, “ಟೀಚರ್, ಅವಳಿಗೆ ತೂಕದ ಮಾತೇ ಬರುವುದಿಲ್ಲ ಅಲ್ವಾ” ಅಂದ. ಆಮೇಲೆ ನಾನು ವಿವರಿಸಲಿಕ್ಕೇ ಹೋಗ್ಲಿಲ್ಲ.

ಕೊನೆಗೆ ಸರೋವರದ ತೂತನ್ನು ತನ್ನ ಮೈಯಿಂದಲೇ ಮುಚ್ಚಿ ರಾಜಕುಮಾರ ನೀರಲ್ಲಿ ಮುಳುಗ್ತಾನೆ. ಅವಳು ಅವನನ್ನು ಎಳೆದು ತರ್ತಾಳೆ, ಅವನು ಕಣ್ಣು ತೆರೆದಾಗ ಅವಳಿಗೆ ಮೊದಲ ಸಲ ಅಳು ಬರ್ತದೆ. ಅತ್ತ ಕೂಡಲೇ ತೂಕ ಬಂದು ನೆಲದ ಮೇಲೆ ಧಡಾರಂತ ಬೀಳ್ತಾಳೆ. ನಡೆಯಲಿಕ್ಕೆ ಮೊದಲಿಂದ ಕಲಿಯಬೇಕು ಪಾಪ.

ತಪ್ಪುಹುಡುಕಿ:
ಟೀಚರ್, ನಿಮ್ಮ ಪೋಸ್ಟಿನಲ್ಲಿ ತಪ್ಪು ಸಿಗಲಿಲ್ಲ. ಬೇಜಾರಾಯ್ತು.

ಸಂಜೆಬಸ್ಸು:
ಈ. ನೆಸ್ಬಿಟ್ ಬಗ್ಗೆ ಯಾರೂ ಹೇಳಲಿಲ್ಲ? ನಂಗೆ ಈ ಉಪದೇಶದವರಿಗಿಂತ ಅವಳೇ ಇಷ್ಟ. ಮರಳು ಅಗೆದಾಗ ಸಿಗೋ ಸಿಡುಕಿನ ಸ್ಯಾಮೀಡ್ ಅನ್ನೋ ಮಾಯದ ಪ್ರಾಣಿ, ದಿನಕ್ಕೊಂದು ವರ, ಸೂರ್ಯ ಮುಳುಗಿದ್ರೆ ವರ ಖಲಾಸ್. ಮ್ಯಾಜಿಕ್‌ಗೂ ರೂಲ್ಸ್ ಇರಬೇಕು, ಕೇಳ್ಕೊಂಡಿದ್ದೇ ತಲೆನೋವಾಗಬೇಕು ಅನ್ನೋ ತಮಾಷೆನ ಮಕ್ಕಳ ಪುಸ್ತಕದಲ್ಲಿ ಇಷ್ಟು ಚೆನ್ನಾಗಿ ಬೇರೆ ಯಾರೂ ಮಾಡಿಲ್ಲ.

ತಪ್ಪುಹುಡುಕಿ:
ಆಹಾ, ಸಿಕ್ತು. ವಿಕ್ಟೋರಿಯಾ ರಾಣಿ ತೀರಿಕೊಂಡಿದ್ದು ಜನವರಿ 1901. ‘ಫೈವ್ ಚಿಲ್ಡ್ರನ್ ಅಂಡ್ ಇಟ್’ 1902. ಈ ಎಳೆಯ ಗಡಿಯಿಂದ ಆಚೆ.

ಸಂಜೆಬಸ್ಸು:
ಅಯ್ಯೋ ಬಿಡಿ ಸಾರ್, ಒಂದು ವರ್ಷಕ್ಕೆ ಯಾಕೆ ಜಗಳ. ಅವಳು ಹುಟ್ಟಿದ್ದು 1858, ಬೆಳೆದಿದ್ದೆಲ್ಲ ಆ ರಾಣಿ ಕಾಲದಲ್ಲೇ. ಅವಳ ‘ದಿ ಸ್ಟೋರಿ ಆಫ್ ದಿ ಆಮ್ಯುಲೆಟ್’ನಲ್ಲಿ (1906) ಬ್ಯಾಬಿಲಾನಿನ ರಾಣಿ ಲಂಡನ್‌ಗೆ ಬಂದು, ಮ್ಯೂಸಿಯಂನಲ್ಲಿರೋ ಒಡವೆಯೆಲ್ಲ ನಂದು, ಕೊಡಿ ಅಂತ ಗಲಾಟೆ ಮಾಡ್ತಾಳೆ. ಲೂಯಿಸ್‌ನ ‘ದಿ ಮೆಜಿಶಿಯನ್ಸ್ ನೆಫ್ಯೂ’ನಲ್ಲಿ ಮಾಟಗಾತಿ ಜೇಡಿಸ್ ಲಂಡನ್‌ಗೆ ಬಂದು ಒಡವೆ ಅಂಗಡಿ ದೋಚ್ತಾಳೆ. ಆ ಪುಸ್ತಕದ ಮೊದಲ ಪ್ಯಾರಾದಲ್ಲೇ ನೆಸ್ಬಿಟ್‌ನ ಬ್ಯಾಸ್ಟಬಲ್ ಮಕ್ಕಳ ಹೆಸರು ಬರುತ್ತೆ. ಕದ್ದಿದ್ದನ್ನ ಬಾಗಿಲಲ್ಲೇ ಹೇಳಿಬಿಟ್ಟ ಕಳ್ಳ.

ಸರ್ರೆಕನ್ನಡಿಗ:
ಜಗಳದ ಸಾಲು ಅಲ್ಲಿಗೂ ನಿಲ್ಲಲ್ಲ. ನಾರ್ನಿಯಾನ ಕಟುವಾಗಿ ಟೀಕಿಸಿದವನು ಫಿಲಿಪ್ ಪುಲ್‌ಮನ್. ಅವನ ‘ನಾರ್ದರ್ನ್ ಲೈಟ್ಸ್’ (1995) ಶುರುವಾಗೋದು ಹೇಗೆ? ಒಬ್ಬ ಹುಡುಗಿ ಬಟ್ಟೆ ಬೀರುವಿನೊಳಗೆ ಬಚ್ಚಿಟ್ಟುಕೊಳ್ಳೋದರಿಂದ! ಲೂಯಿಸ್‌ನ ಬೀರುವಿನ ಹಿಂಬದಿ ಹಿಮ ಬೀಳೋ ಇನ್ನೊಂದು ಲೋಕ ಇತ್ತು, ಇವನ ಬೀರುವಿಂದ ಕಾಣೋದು ಅದೇ ಕೋಣೆ, ಅಲ್ಲಿ ದೊಡ್ಡವರು ಮಾಡೋ ಕಿತಾಪತಿ. ಲೂಯಿಸ್ ಇರದಿದ್ರೆ ಅವಳು ಮಂಚದ ಕೆಳಗೆ ಬಚ್ಚಿಟ್ಟುಕೊಳ್ತಿದ್ದಳೋ ಏನೋ.

ಧಾರವಾಡಪೇಡಾ:
ನಿಮ್ಮೆಲ್ಲರ ಮಾತ್ ಕೇಳಿ ನಿನ್ನಿ ರಾತ್ರಿ ‘ದಿ ಪ್ರಿನ್ಸೆಸ್ ಅಂಡ್ ಕರ್ಡಿ’ (1883) ಓದಿದೆ. ಹಕ್ಕು ಮುಗದ ಪುಸ್ತಕ, ಪ್ರಾಜೆಕ್ಟ್ ಗುಟೆನ್‌ಬರ್ಗ್‌ನ್ಯಾಗ ಪುಕ್ಕಟೆ ಅದ. ನನ್ನ ಮಾತ್ ಅರ್ಧಾ ವಾಪಸ್ ತಗೋತೀನಿ.

ಅಟ್ಟದ ಅಜ್ಜಿ ಕರ್ಡಿಗಿ ಗುಲಾಬಿ ಹೂವಿನ ಬೆಂಕ್ಯಾಗ ಎರಡೂ ಕೈ ಇಡು ಅಂತಾಳ. ಇಡ್ತಾನ, ಜೀವಾ ಹೋದಂಗ ಆಗ್ತದ. ಆಮ್ಯಾಲ ಆ ಕೈಗಿ ಒಂದು ಗುಣ ಬರ್ತದ. ಯಾರ ಕೈ ಹಿಡದ್ರೂ ಒಳಗಿನ ಪ್ರಾಣಿ ಯಾವುದು ಅಂತ ತಿಳೀತದ. ಮನಶ್ಯಾನ ಕೈ ಹಿಡದ್ರ ಗೊರಸು, ಉಗುರು ಹತ್ತಬಹುದು. ಲೀನಾ ಅಂತ ಒಂದು ಅಸಹ್ಯ ಪ್ರಾಣಿ ಬರ್ತದ, ನೋಡಿದ್ರ ವಾಕರಿಕಿ. ಅದರ ಪಂಜಾ ಹಿಡೀತಾನ, ಒಳಗ ಸಣ್ಣ ಕೂಸಿನ ಮೆತ್ತನ ಕೈ. ಅಲ್ಲೇ ಪುಸ್ತಕ ಮುಚ್ಚಿ ಒಂದ್ ಲೋಟ ನೀರ್ ಕುಡದ್ ಬಂದೆ.

ಕಡೀಕ ಇನ್ನೂ ಘೋರ. ಕರ್ಡಿ, ರಾಜಕುಮಾರಿ ಐರೀನ್ ಮದಿವ್ಯಾಗಿ ಸುಖದಿಂದ ಇದ್ರು ಅಂತ ಮುಗಸೂದಿಲ್ಲ ಅಂವಾ. ಅವರಿಗಿ ಮಕ್ಕಳಿಲ್ಲ. ಆಮ್ಯಾಲ ಬಂದ ರಾಜಾ ಬಂಗಾರದ ಆಸೆಕ್ಕ ಊರಿನ ಬುಡಾನ ಅಗಿಸ್ತಾನ, ಕಲ್ಲಿನ ಕಂಬ ಸವದು ಸವದು ಒಂದಿನ ಮಧ್ಯಾಹ್ನ ಇಡೀ ಊರು ಕುಸದು ಬೀಳ್ತದ. ಊರಿನ ಹೆಸರೂ ಜನಾ ಮರೀತಾರ. ಮಕ್ಕಳ ಪುಸ್ತಕರೀ ಇದು!

ಆಸೆಕ್ಕ ಬಿದ್ದು ಆಳಕ್ಕ ಅಗದು ಹಾಳಾದ ಟೋಲ್ಕಿನ್‌ನ ಮೋರಿಯಾ ಗಣಿ ನನಗ ಇಲ್ಲೇ ಕಂಡಂಗಾತು. ಇದು ನನ್ನ ಊಹೆ ಅಷ್ಟ, ತಪ್ಪುಹುಡುಕಿ ಸಾಹೇಬ್ರು ಬೈಬ್ಯಾಡ್ರಿ.

ತಪ್ಪುಹುಡುಕಿ:
ಊಹೆ ಅಂತ ನೀವೇ ಹೇಳಿದ ಮೇಲೆ ನನಗೇನು ಕೆಲಸ? ಅದೂ ಅಲ್ಲದೆ ನನಗೂ ಹಾಗೇ ಅನ್ನಿಸಿತ್ತು.

ಕರಾವಳಿಟೀಚರ್:
ಒಂದು ಸಂಶಯ. ಹುಳು ಅವರೇ, ನೀವು ಮಗಳಿಗೆ ಹೇಳುವಾಗ ಗಾಬ್ಲಿನ್‌ಗೆ ಕನ್ನಡದಲ್ಲಿ ಏನಂತ ಹೇಳ್ತೀರಿ? ಭೂತ ಅಂದ್ರೆ ನಮ್ಮ ಕಡೆ ಆಗ್ಲಿಕ್ಕಿಲ್ಲ, ನಾವು ಕೋಲ ಕೊಟ್ಟು ಕೈ ಮುಗಿಯುವ ಭೂತಗಳು ಅವು.

ಕಾಗದದಹುಳು:
ಮೊದಲು ಪಿಶಾಚಿ ಅಂದೆ, ಸರಿಹೋಗಲಿಲ್ಲ. ಪಿಶಾಚಿಗೆ ರಾಜ, ರಾಣಿ, ಅಡುಗೆಮನೆ ಎಲ್ಲ ಯಾಕಿರುತ್ತೆ ಅಂದ್ಲು. ಗುಮ್ಮ ಅಂದೆ. ಗುಮ್ಮ ಒಂದೇ ಇರೋದು, ಇಷ್ಟೊಂದು ಇರಲ್ಲ ಅಂದ್ಲು. ಕೊನೆಗೆ ಗಾಬ್ಲಿನ್ ಅಂತಲೇ ಬಿಟ್ಟೆ.

ನಿನ್ನೆ ನಮ್ಮಮ್ಮ ಊರಿಂದ ಬಂದಿದ್ದಾರೆ. ಪಕ್ಕದಲ್ಲಿ ಮಲಗಿ ಕಥೆ ಕೇಳಿಸ್ಕೊಳ್ತಿದ್ದವರು ಪಾದದ ವಿಷಯ ಬಂದಾಗ ಎದ್ದು ಕೂತರು. “ಮೆತ್ತಗಿರುತ್ತೆ ಅಂತ ಯಾರಂದಿದ್ದು? ಹಿಂದುಮುಂದಾಗಿರುತ್ತೆ. ಹಿಮ್ಮಡಿ ಮುಂದಕ್ಕೆ, ಬೆರಳು ಹಿಂದಕ್ಕೆ. ದೆವ್ವನ ಗುರುತಿಸೋದೇ ಹಂಗೆ.” ಮಗಳು ಸುಮ್ಮನೆ ಕೇಳಿಸ್ಕೊಂಡು ಮಲಗಿದ್ಲು.

ಬೆಳಿಗ್ಗೆ ನೋಡಿದ್ರೆ ಡ್ರಾಯಿಂಗ್ ಪುಸ್ತಕದಲ್ಲಿ ಒಂದು ಗಾಬ್ಲಿನ್. ಕಲ್ಲಿನ ತಲೆ, ಮ್ಯಾಕ್‌ಡೊನಾಲ್ಡ್ ಹೇಳಿದ ಹಾಗೇ. ಪಾದ ಮಾತ್ರ ಹಿಂದಕ್ಕೆ ತಿರುಗಿದೆ. ಗಣಿಯ ದಾರಿ ತುಂಬ ಹೆಜ್ಜೆಗುರುತು. ಇದೇನಮ್ಮಾ ಅಂದ್ರೆ, “ಅದು ಬಂದ್ರೂ ಹೋದ ಹಾಗೆ ಕಾಣ್ಸತ್ತೆ. ಕರ್ಡಿಗೆ ಗೊತ್ತೇ ಆಗಲ್ಲ” ಅಂದ್ಲು.

ಧಾರವಾಡಪೇಡಾ:
ಅಬ್ಬಾ! ಆದ್ರ ಆ ಪಾದ ಮೆತ್ತಗ ಅದಾವೋ ಇಲ್ಲೋ, ಅದನ್ನೂ ಕೇಳ್ರಿ.

ಕಾಗದದಹುಳು:
ಕೇಳಿದೆ. “ಗಟ್ಟಿ” ಅಂದ್ಲು.